ಆಡಲ್‌ಸ್ಟ್ರಾಪ್: ಒಂದು ಸ್ಟೇಷನ್ನು, ಒಂದು ಕವನ

ಇಂಗ್ಲೆಂಡಿನ ಗ್ಲಾಸ್ಟರ್‌ಷೈರಿನಲ್ಲಿ ಆಡಲ್‌ಸ್ಟ್ರಾಪ್ ಎಂಬ ಪುಟ್ಟ ಹಳ್ಳಿಯಿದೆ. 1853ರಲ್ಲಿ ಅದಕ್ಕೊಂದು ರೈಲ್ವೆ ಸ್ಟೇಷನ್ ಬಂತು. 1966ರ ಜನವರಿ 3ರಂದು ಅದನ್ನು ಮುಚ್ಚಿದರು. ನಷ್ಟದ ಲೆಕ್ಕ ಹಾಕಿದ 1963ರ ಬೀಚಿಂಗ್ ವರದಿ ಆ ದೇಶದಲ್ಲಿ 2,363 ಸ್ಟೇಷನ್ನುಗಳನ್ನು ಮುಚ್ಚಬೇಕೆಂದು ಹೇಳಿತ್ತು. ಅಂಥ ಕಾಲದಲ್ಲಿ ಕದ ಹಾಕಿಕೊಂಡ ನೂರಾರು ಹಳ್ಳಿಯ ಸ್ಟೇಷನ್ನುಗಳಲ್ಲಿ ಇದೊಂದರ ಹೆಸರು ಸಮುದ್ರ ದಾಟಿ ನನ್ನಂಥ ಓದುಗನವರೆಗೆ ಬಂದದ್ದಕ್ಕೆ ಎಡ್ವರ್ಡ್ ಥಾಮಸನ ಹದಿನಾರು ಸಾಲಿನ ಕವನವೊಂದೇ ಕಾರಣ.

ಈ ಕವನವನ್ನು ನಾನು ಬಹುಕಾಲ ತಪ್ಪಾಗಿ ಓದಿದೆ. ತರಗತಿಯಲ್ಲಿ ತಪ್ಪಾಗಿಯೇ ಪಾಠವನ್ನೂ ಹೇಳಿದೆ. ಅದನ್ನು ಇಲ್ಲಿ ಒಪ್ಪಿಕೊಳ್ಳುವುದು ಒಳ್ಳೆಯದು.

ಕವನದಲ್ಲಿ ನಡೆಯುವುದು ಬಹಳ ಸ್ವಲ್ಪ. ಜೂನ್ ಕೊನೆಯ ಸೆಕೆಯ ಒಂದು ಮಧ್ಯಾಹ್ನ ವೇಗದ ರೈಲೊಂದು ಎಂದೂ ನಿಲ್ಲದ ಕಡೆ ನಿಲ್ಲುತ್ತದೆ. ಹತ್ತುವವರಿಲ್ಲ, ಇಳಿಯುವವರಿಲ್ಲ. ಉಗಿಯ ಸದ್ದು, ಯಾರದೋ ಕೆಮ್ಮು, ಬರಿದಾದ ಪ್ಲಾಟ್‌ಫಾರಂ, ಫಲಕದ ಮೇಲೊಂದು ಹೆಸರು. ಆಮೇಲೆ ವಿಲೋ ಮರ, ಹುಲ್ಲು, ಹೂ, ಒಣಹುಲ್ಲಿನ ಗುಪ್ಪೆ. ಕೊನೆಗೆ ಒಂದು ಹಕ್ಕಿ ಹಾಡುತ್ತದೆ. ಅದರ ಹಿಂದೆ ಎರಡು ಜಿಲ್ಲೆಗಳ ಹಕ್ಕಿಗಳೆಲ್ಲ ಹಾಡುತ್ತವೆ.

ಇದನ್ನು ನಾನು ಒಂದು ಚರಮಗೀತೆಯೆಂದು ಓದುತ್ತಿದ್ದೆ. ಹಾಗೆ ಓದುವುದು ಸುಲಭ. ಥಾಮಸ್ ಆ ದಾರಿಯಲ್ಲಿ ಹೋದದ್ದು 1914ರ ಜೂನ್ 24ರಂದು. ಸರಾಯೆವೋದಲ್ಲಿ ಗುಂಡು ಹಾರಿದ್ದು ನಾಲ್ಕು ದಿನಗಳ ತರುವಾಯ. 1917ರ ಏಪ್ರಿಲ್ 9ರಂದು ಆತ ಆರಾಸ್‌ನ ರಣರಂಗದಲ್ಲಿ ಸತ್ತ. ಕವನ ಅಚ್ಚಾದದ್ದು ಅದೇ ತಿಂಗಳ ಕೊನೆಯಲ್ಲಿ, 'ನ್ಯೂ ಸ್ಟೇಟ್ಸ್‌ಮನ್' ಪತ್ರಿಕೆಯಲ್ಲಿ. ಮುಂದೆ ಸ್ಟೇಷನ್ನೂ ಹೋಯಿತು. ಇಷ್ಟು ಸಾವುಗಳನ್ನು ತಲೆಯಲ್ಲಿಟ್ಟುಕೊಂಡು ಓದಿದರೆ ಯಾವ ಕವನ ತಾನೆ ಅಳುವುದಿಲ್ಲ?

ಇದೆಲ್ಲ ಧ್ವನಿಯಲ್ಲವೇ ಎಂದು ನೀವು ಕೇಳಬಹುದು. ಅಲ್ಲವೆಂದೇ ಈಗ ನನಗನ್ನಿಸುತ್ತದೆ. ವ್ಯಂಗ್ಯಾರ್ಥ ವಾಚ್ಯಾರ್ಥದ ಹೆಗಲೇರಿ ಬರಬೇಕು. ಕವಿಯ ಮರಣದ ತಾರೀಖಿನಿಂದ ಬಂದದ್ದು ಧ್ವನಿಯಲ್ಲ, ನಮ್ಮ ಹಳಹಳಿಕೆ. ಒಂದು ಮಾತನ್ನು ಬಿಟ್ಟುಕೊಡಬೇಕು: ಕವನ ಬರೆದದ್ದು 1915ರ ಜನವರಿಯಲ್ಲಿ, ಯುದ್ಧ ಆರಂಭವಾಗಿ ಐದು ತಿಂಗಳಾದ ಮೇಲೆ. ಯಾರದೋ ಪ್ರಶ್ನೆಗೆ ಉತ್ತರಿಸುವಂತೆ 'ನೆನಪಿದೆ' ಎಂದು ಆತ ತೊಡಗುವುದರಲ್ಲಿ ಒಂದು ತೆಳುವಾದ ನೆರಳಿದೆ. ಅದಕ್ಕಿಂತ ಹೆಚ್ಚಿನದನ್ನು ಹೊರುವ ಶಕ್ತಿ ಈ ಹದಿನಾರು ಸಾಲುಗಳಿಗಿಲ್ಲ. ಅದರ ಅಗತ್ಯವೂ ಇಲ್ಲ.

ನನ್ನ ಓದನ್ನು ಬದಲಿಸಿದ್ದು ಕವಿಯ ಟಿಪ್ಪಣಿ ಪುಸ್ತಕ. ಆಡಲ್‌ಸ್ಟ್ರಾಪಿನಲ್ಲಿ ಹಕ್ಕಿಗಳ ಹಾಡು ಕೇಳಿದ್ದನ್ನು ಆತ ಗಂಟೆ ಸಹಿತ ಬರೆದಿದ್ದಾನೆ: 12.45. ಆದರೆ ಕವನದಲ್ಲಿ ಬರುವ ಹೂಗಳು ಅಲ್ಲಿಯವಲ್ಲ. ಅವು ಮುಂದೆ ಕ್ಯಾಂಪ್ಡೆನ್ ಹತ್ತಿರ ರೈಲು ಇನ್ನೊಮ್ಮೆ ನಿಂತಾಗ ಕಂಡವು. ಇಷ್ಟೇ ಅಲ್ಲ, ಹಳೆಯ ವೇಳಾಪಟ್ಟಿಯನ್ನು ಕೆದಕಿದವರು ಆ ರೈಲು ಆಡಲ್‌ಸ್ಟ್ರಾಪಿನಲ್ಲಿ ನಿಲ್ಲಬೇಕಾದ ರೈಲೇ ಆಗಿತ್ತೆಂದು ತೋರಿಸಿದ್ದಾರೆ. ಅಂದರೆ ಅನಿರೀಕ್ಷಿತವಾಗಿ ನಿಂತದ್ದು ರೈಲಲ್ಲ, ಕವಿ.

ಹಾಗಾದರೆ ಕವನ ಸುಳ್ಳೇ? ನನಗೆ ಇಲ್ಲಿಯೇ ಅದರ ಸತ್ಯ ಕಾಣುತ್ತದೆ. ಇಳಿಯಬೇಕಾದ ಸ್ಟೇಷನ್ನನ್ನು ಯಾರೂ ನೋಡುವುದಿಲ್ಲ; ಟ್ರಂಕು, ಟಿಕೆಟ್ಟು, ಕೂಲಿಯವನು, ಇವುಗಳಲ್ಲಿ ಕಣ್ಣು ಕಳೆದುಹೋಗುತ್ತದೆ. ಕೆಲಸವಿಲ್ಲದೆ ನಿಂತಾಗ ಮಾತ್ರ ಫಲಕದ ಹೆಸರು ಬರಿಯ ಹೆಸರಾಗಿ ಕಾಣುತ್ತದೆ. ಮೊದಲು ಆ ಹೆಸರಿನೊಳಗೆ ಏನೂ ಇಲ್ಲ. ಮೂರು ನುಡಿ ದಾಟುವುದರೊಳಗೆ ಅದರೊಳಗೆ ಎರಡು ಜಿಲ್ಲೆಗಳ ಆಕಾಶ ತುಂಬಿಕೊಂಡಿರುತ್ತದೆ. ಇದನ್ನು ಸಾಧಿಸಲು ಬೇರೆ ಕಡೆಯ ಹೂ ತಂದರೆ ತಂದಾನು! ಮೂರನೆಯ ನುಡಿಯಲ್ಲಿ ಹಳೆಯ ಕಾವ್ಯಭಾಷೆಯ ಸೋಂಕು ತಗಲಿರುವುದು ಮಾತ್ರ ನನಗೆ ಹಿಡಿಸದು. ಉಳಿದೆಡೆಯ ಮಾತು ಎದುರಿಗೆ ಕೂತು ಆಡಿದಷ್ಟು ಸರಳ. ಮೋಡದ ಬಗೆಗೆ ಹೇಳುವಾಗ ಏಕೆ ಹಾಗೆ ಪೋಷಾಕು ಹಾಕಿಕೊಂಡನೋ.

ಈಗ ಆ ಸ್ಟೇಷನ್ನಿನ ಫಲಕ ಊರಿನ ಬಸ್ ತಂಗುದಾಣದಲ್ಲಿದೆ. ಕೆಳಗೆ ಸ್ಟೇಷನ್ನಿನದೇ ಬೆಂಚು, ಅದರ ಮೇಲೆ ಕವನ ಕೆತ್ತಿದ ತಗಡು. ರೈಲುಗಳು ಇಂದಿಗೂ ಆ ದಾರಿಯಲ್ಲಿ ಓಡುತ್ತವೆ. ನೋಡಲು ಹೋಗುವವರು ಕಳೆದುಹೋದ ಇಂಗ್ಲೆಂಡಿಗಾಗಿ ನಿಟ್ಟುಸಿರು ಬಿಡುತ್ತಾರಂತೆ. ಬಿಡಲಿ, ಆದರೆ ಆ ನಿಟ್ಟುಸಿರು ಕವನದಲ್ಲಿಲ್ಲ.

ಈ ಕವನವನ್ನು ಕನ್ನಡಕ್ಕೆ ತರಲು ನಾನು ಎರಡು ಸಲ ಕೈಹಾಕಿ ಬಿಟ್ಟಿದ್ದೇನೆ. ತೊಡಕು ಆ ಬ್ಲ್ಯಾಕ್‌ಬರ್ಡ್ ಹಕ್ಕಿಯದು. ಕೋಗಿಲೆ ಎಂದರೆ ಕಿವಿಗೆ ಹಿತ. ಆದರೆ ನಮ್ಮ ಕೋಗಿಲೆ ಒಂಟಿಯಾಗಿ ಬರುವುದಿಲ್ಲ, ವಸಂತವನ್ನೂ ವಿರಹವನ್ನೂ ಕರೆದುಕೊಂಡೇ ಬರುತ್ತದೆ. ಯಾವ ಅಳುವನ್ನು ಕವನದಿಂದ ಹೊರಗಿಡಬೇಕೆಂದಿದ್ದೇನೋ ಅದೇ ಹಿಂಬಾಗಿಲಿನಿಂದ ಒಳಗೆ ಬರುತ್ತದೆ. ಕರಿಹಕ್ಕಿ ಎಂದರೆ ಕಾಗೆಯಾದೀತು. ನನ್ನ ಕರಡಿನಲ್ಲಿ ಸದ್ಯಕ್ಕೆ 'ಒಂದು ಹಕ್ಕಿ' ಎಂದಷ್ಟೇ ಇದೆ.