ಲಕ್ಷ್ಮೀಶನೂ ಚಲಚ್ಚಿತ್ರವೂ

ಕಾವ್ಯವು ದೃಶ್ಯವೆಂದೂ ಶ್ರವ್ಯವೆಂದೂ ಇಬ್ಬಗೆಯೆಂದು ಆಲಂಕಾರಿಕರು ವಿಭಾಗಿಸಿರುವರು. ಶ್ರವ್ಯವಾಗಿ ಹುಟ್ಟಿದ ಕಾವ್ಯವೊಂದು ಕಾಲಾಂತರದಲ್ಲಿ ದೃಶ್ಯರೂಪವನ್ನು ತಳೆದಾಗ ಮೂಲಕವಿಗೆ ಸಲ್ಲತಕ್ಕ ಪಾಲೆಷ್ಟು? ಕಡೂರು ತಾಲ್ಲೂಕಿನ ದೇವನೂರಿನವನೆಂದು ಅನೇಕ ವಿದ್ವಾಂಸರು ಒಪ್ಪಿರುವ ಲಕ್ಷ್ಮೀಶನ ವಿಷಯದಲ್ಲಿ ಈ ಪ್ರಶ್ನೆಯು ವಿಚಾರಾರ್ಹವಾದುದು.

ವಾರ್ಧಕ ಷಟ್ಪದಿಯ 34 ಸಂಧಿಗಳ ಜೈಮಿನಿ ಭಾರತವು ಪಂಡಿತ ಪಾಮರರಿಬ್ಬರಿಗೂ ಪ್ರಿಯವಾದ ಗ್ರಂಥ. ಅದರ ಕಥೆಗಳು ಗಮಕಿಗಳ ಕಂಠದಿಂದ ಯಕ್ಷಗಾನಕ್ಕೂ ನಾಟಕಕ್ಕೂ ಇಳಿದು, ಕಡೆಗೆ ಬೆಳ್ಳಿತೆರೆಯನ್ನೇರಿದುವು. 1965ರಲ್ಲಿ ಬಿ. ಎಸ್. ರಂಗಾ ಅವರು "ಚಂದ್ರಹಾಸ"ವನ್ನೂ, 1977ರಲ್ಲಿ ಹುಣಸೂರು ಕೃಷ್ಣಮೂರ್ತಿಯವರು "ಬಭ್ರುವಾಹನ"ವನ್ನೂ ನಿರ್ದೇಶಿಸಿದರು. ಎರಡರಲ್ಲಿಯೂ ನಾಯಕರು ರಾಜಕುಮಾರ್ ಅವರೇ. ಚಂದ್ರಹಾಸನ ಕಥೆಯು ವ್ಯಾಸಭಾರತದಲ್ಲಿ ಇಲ್ಲವೇ ಇಲ್ಲ. ವಿಷವೆಂಬುದನ್ನು ವಿಷಯೆಯೆಂದು ತಿದ್ದಿದ ಆ ಪತ್ರದ ವೃತ್ತಾಂತವನ್ನು ಕನ್ನಡಿಗರ ಮನೆಮಾತಾಗಿಸಿದವನು ಲಕ್ಷ್ಮೀಶನೇ.

ಬಭ್ರುವಾಹನನ ಪ್ರಸಂಗವಾದರೋ ವ್ಯಾಸರಲ್ಲಿಯೂ ಉಂಟು. ಅಲ್ಲಿ ಆಯುಧವಿಲ್ಲದೆ ಎದುರ್ಗೊಳ್ಳಬಂದ ಮಗನನ್ನು ಅರ್ಜುನನು ಕ್ಷಾತ್ರಧರ್ಮ ಬಿಟ್ಟವನೆಂದು ನಿಂದಿಸುವನು. ಉಲೂಪಿಯು ಯುದ್ಧಕ್ಕೆ ಪ್ರೇರಿಸುವಳು. ಜೈಮಿನಿಯ ಪರಂಪರೆಯಲ್ಲಿಯಾದರೋ ತಂದೆಯೆಂದರಿತು ಕುದುರೆಯನ್ನೊಪ್ಪಿಸಿ ಅಡಿಗೆರಗಿದ ಮಗನನ್ನು ಅರ್ಜುನನು ಒದೆದು, ಅವನ ಜನ್ಮವನ್ನೇ ಶಂಕಿಸುವನು. ಆದುದರಿಂದ ಕದನವು ತಾಯಿಯ ಮಾನದ ಕದನವಾಗುತ್ತದೆ. ಮಗನ ವಿನಯವನ್ನು ಮೊದಲು ತುಂಬಿ ತೋರಿಸಿದ್ದರಿಂದಲೇ ಅವನ ಕೋಪಕ್ಕೆ ಗೌರವವುಂಟಾಯಿತು. ಚಿತ್ರದಲ್ಲಿ ಪಿ. ಬಿ. ಶ್ರೀನಿವಾಸ್ ಮತ್ತು ರಾಜಕುಮಾರ್ ಹಾಡಿದ ತಂದೆ ಮಕ್ಕಳ ವಾಗ್ಯುದ್ಧವು ನಿಂತಿರುವುದು ಈ ತಳಹದಿಯ ಮೇಲೆ.

ಚಿತ್ರಕಾರರು ಕೊಟ್ಟುದೂ ಅಲ್ಪವಲ್ಲ. ಅರ್ಜುನ ಬಭ್ರುವಾಹನರಿಬ್ಬರೂ ಒಬ್ಬನೇ ನಟನಾದುದರಿಂದ, ತಂದೆಯು ಅಲ್ಲಗಳೆದ ಸಂಬಂಧವನ್ನು ಮಗನ ಮುಖವೇ ಸಾರುತ್ತದೆ. ನೂರು ಪದ್ಯಗಳಿಗೂ ಈ ಸಾಕ್ಷ್ಯವು ದುರ್ಲಭ. ಆದರೆ ಉಪಮಾಲೋಲನ ಉಪಮೆಗಳು ತೆರೆಗೆ ಬರಲಾರವು. ಹೋಲಿಕೆಯಿಂದ ಕಾಣಿಸತಕ್ಕುದನ್ನು ಯಂತ್ರವು ನೇರವಾಗಿ ಕಾಣಿಸಿಬಿಡುತ್ತದೆ. ಕಾವ್ಯದಲ್ಲಿ ಅಂಗಿಯಾದುದು ಭಕ್ತಿ. ವೀರವು ಅದಕ್ಕೆ ಅಂಗ. ಚಿತ್ರದಲ್ಲಿ ವೀರವೇ ಮುಂದಾಯಿತು. ಇದನ್ನು ದೋಷವೆನ್ನಲಾಗದು. ಕಾಳಿದಾಸನೂ ಭಾರತದ ಶಕುಂತಲೆಯನ್ನು ಇದ್ದಂತೆಯೇ ಉಳಿಸಲಿಲ್ಲ, ಔಚಿತ್ಯವೊಂದೇ ಪ್ರಮಾಣ.

ಆದರೆ ಚಿತ್ರವನ್ನು ನೋಡಿದವನಿಗೆ ಕಾವ್ಯವನ್ನು ಓದಿದಂತಾಯಿತೆಂಬ ಭ್ರಮೆ ಹುಟ್ಟಿದರೆ ನಷ್ಟವು ದೊಡ್ಡದು. ಕಡೂರು, ತರೀಕೆರೆ, ಅಜ್ಜಂಪುರಗಳ ಗೃಹಸ್ಥರು ತೆರೆಯ ಬಭ್ರುವಾಹನನನ್ನು ಮೆಚ್ಚಿದ ಮಕ್ಕಳ ಕೈಗೆ ಜೈಮಿನಿ ಭಾರತವನ್ನು ಕೊಟ್ಟು, ಆ ಒಂದು ಸಂಧಿಯನ್ನಾದರೂ ಗಟ್ಟಿಯಾಗಿ ಓದಿಸಲಿ. ನೆರೆಯ ಕವಿಯ ಋಣವು ತೀರತಕ್ಕುದು ಹಾಗೆಯೇ.