ನೆಲಮಾಳಿಗೆಯ ಸಿರಿಯಂತ್ರ

ಲಕ್ಷ್ಮಿ ಚಂಚಲೆ ಎಂದು ಹೇಳಿ ನಮ್ಮ ಹಿರಿಯರು ಸುಮ್ಮನಾದರು. ಅವಳು ಯಾವ ಬಾಗಿಲಿನಿಂದ ಬಂದಳು, ಎಷ್ಟು ಹೊತ್ತು ನಿಂತಳು, ಯಾವ ಕಿಟಕಿಯಿಂದ ಹೊರಟುಹೋದಳು ಎಂದು ಅಳತೆಗೋಲು ಹಿಡಿದು ಕಾಯುವ ಹಟ ಈಚಿನ ಅರ್ಥಶಾಸ್ತ್ರಜ್ಞರದು. ಈ ಹಟವನ್ನು ವಿನೋದದ ವಸ್ತುವಾಗಿಸಿಕೊಂಡ ಇಂಗ್ಲಿಷ್ ಕಾದಂಬರಿಯೊಂದನ್ನು ಕುರಿತು ನಾಲ್ಕು ಮಾತು ಹೇಳಬೇಕೆನಿಸಿದೆ. ಅದು ಟೆರಿ ಪ್ರಾಚೆಟ್‌ನ ‘ಮೇಕಿಂಗ್ ಮನಿ’. ಪ್ರಕಟವಾದದ್ದು 2007ರಲ್ಲಿ.

ಪ್ರಾಚೆಟ್ (1948–2015) ಕಟ್ಟಿದ ಲೋಕದ ಹೆಸರು ಡಿಸ್ಕ್‌ವರ್ಲ್ಡ್. ಆಮೆಯ ಬೆನ್ನ ಮೇಲೆ ನಾಲ್ಕು ಆನೆಗಳು, ಆನೆಗಳ ಮೇಲೆ ತಟ್ಟೆಯಂತೆ ಚಪ್ಪಟೆಯಾದ ಭೂಮಿ. ನಮಗೆ ಈ ಚಿತ್ರ ತೀರ ಅಪರಿಚಿತವೇನಲ್ಲ. 1983ರಿಂದ ಆರಂಭಿಸಿ ಈ ಲೋಕದ ಮೇಲೆ ಅವನು 41 ಕಾದಂಬರಿಗಳನ್ನು ಬರೆದ. ಮಾಟಗಾತಿಯರೂ ಮಾಂತ್ರಿಕರೂ ಬರುತ್ತಾರೆಂಬ ಕಾರಣಕ್ಕೆ ಇವನ್ನು ಮಕ್ಕಳ ಪುಸ್ತಕವೆಂದು ಬದಿಗಿಡುವ ದೊಡ್ಡವರುಂಟು. ಅವರಿಗಾಗುವ ನಷ್ಟ ಸಣ್ಣದಲ್ಲ.

ಕಥೆ ಹೀಗಿದೆ. ಆಂಖ್-ಮಾರ್ಪಾರ್ಕ್ ನಗರದ ರಾಜ ಬ್ಯಾಂಕಿನ ಒಡತಿ ತೀರಿಕೊಳ್ಳುವಾಗ ತನ್ನ ಷೇರುಗಳನ್ನು ನಾಯಿಗೂ, ಆ ನಾಯಿಯನ್ನು ಮೋಯಿಸ್ಟ್ ಎಂಬಾತನಿಗೂ ಬರೆದಿಟ್ಟು ಹೋಗುತ್ತಾಳೆ. ಈ ಮೋಯಿಸ್ಟ್ ಹಳೆಯ ವಂಚಕ. ಬ್ಯಾಂಕಿನ ಮುಖ್ಯ ಲೆಕ್ಕಿಗ ಬೆಂಟ್‌ಗೆ ಚಿನ್ನವೇ ದೇವರು. ಚಿನ್ನವಿಲ್ಲದ ಹಣ ಅವನ ಪಾಲಿಗೆ ಪಾಪ. ಮೋಯಿಸ್ಟ್‌ನಾದರೋ ಜನ ಅಂಚೆಚೀಟಿಯನ್ನೇ ಹಣದಂತೆ ಕೈಬದಲಿಸುವುದನ್ನು ಕಂಡವನು. ಜನ ನಂಬಿದರೆ ಕಾಗದವೂ ಹಣವಾದೀತೆಂಬುದು ಅವನ ವಾದ.

ನನ್ನ ಕಣ್ಣು ನೆಟ್ಟದ್ದು ಇವರಿಬ್ಬರ ಮೇಲಲ್ಲ, ಬ್ಯಾಂಕಿನ ನೆಲಮಾಳಿಗೆಯ ಮೇಲೆ. ಅಲ್ಲಿ ಹ್ಯೂಬರ್ಟ್ ಎಂಬ ಅರ್ಥಶಾಸ್ತ್ರಜ್ಞ ಗಾಜಿನ ಕೊಳವೆ, ಬುದ್ದಲಿಗಳಿಂದ ಒಂದು ಯಂತ್ರ ಕಟ್ಟಿದ್ದಾನೆ. ಗುಳುಗುಳು ಸದ್ದು ಮಾಡುವ ಅದಕ್ಕೆ ಗ್ಲೂಪರ್ ಎಂದು ಹೆಸರು. ನಗರದ ಹಣವೆಲ್ಲ ಅದರಲ್ಲಿ ನೀರಾಗಿ ಹರಿಯುತ್ತದೆ. ಇದು ಪೂರ್ತಿ ಕಟ್ಟುಕಥೆಯಲ್ಲ. ನ್ಯೂಜಿಲೆಂಡಿನಲ್ಲಿ ಹುಟ್ಟಿದ ಇಂಜಿನಿಯರು ಬಿಲ್ ಫಿಲಿಪ್ಸ್ 1949ರಲ್ಲಿ ಲಂಡನ್ ಸ್ಕೂಲ್ ಆಫ್ ಎಕನಾಮಿಕ್ಸ್‌ನಲ್ಲಿ ಇಂಥದೇ ಯಂತ್ರವನ್ನು ನಿಜವಾಗಿ ನಡೆಸಿ ತೋರಿಸಿದ್ದ. ಸುಮಾರು ಎರಡು ಮೀಟರು ಎತ್ತರ. ಒಳಗೆ ಬಣ್ಣದ ನೀರು. ತೆರಿಗೆ ಒಂದು ಕವಲಿನಲ್ಲಿ, ಉಳಿತಾಯ ಇನ್ನೊಂದರಲ್ಲಿ, ಆಮದು ಮತ್ತೊಂದರಲ್ಲಿ. ಒಂದು ತೂಬು ಬಿಗಿದರೆ ದೇಶದ ವರಮಾನ ಎಷ್ಟು ಇಳಿದೀತೆಂದು ಕಣ್ಣಾರೆ ನೋಡಬಹುದಿತ್ತು.

ಫಿಲಿಪ್ಸ್ ನಿಂತಲ್ಲಿಂದ ಪ್ರಾಚೆಟ್ ಒಂದು ಹೆಜ್ಜೆ ಮುಂದಿಡುತ್ತಾನೆ. ಹ್ಯೂಬರ್ಟ್‌ನ ಸಹಾಯಕ ಇಗೋರನ ಕೈಚಳಕದಿಂದ ಯಂತ್ರ ಎಷ್ಟು ನಿಖರವಾಗುತ್ತದೆಂದರೆ, ಅದಕ್ಕೂ ನಗರಕ್ಕೂ ಅಂತರವೇ ಉಳಿಯುವುದಿಲ್ಲ. ನಗರ ಬದಲಾದರೆ ನೀರು ಬದಲಾಗುತ್ತದೆ. ನೀರನ್ನು ಕದಲಿಸಿದರೆ ನಗರವೇ ಬದಲಾಗುತ್ತದೆ. ಕನ್ನಡಿಯಲ್ಲಿ ತಿಲಕವಿಟ್ಟರೆ ಹಣೆಯ ಮೇಲೆ ಮೂಡಿದಂತೆ! ಸಿರಿ ಇಲ್ಲಿ ಮಂತ್ರಶಕ್ತಿಯೂ ಹೌದು, ಅಳತೆಗೆ ಸಿಕ್ಕುವ ದ್ರವವೂ ಹೌದು.

ಇದು ಬರಿಯ ತಮಾಷೆಯೆ? ನನಗೆ ಹಾಗೆನಿಸುವುದಿಲ್ಲ. ಬ್ಯಾಂಕು ಮುಳುಗುತ್ತದೆಂಬ ಮಾತು ಹಬ್ಬಿದರೆ ಸಾಕು, ಜನ ಓಡಿಬಂದು ಠೇವಣಿ ಹಿಂತೆಗೆದು ಅದನ್ನು ಮುಳುಗಿಸುತ್ತಾರೆ. ಅಳತೆಯೇ ಅಳೆದ ವಸ್ತುವನ್ನು ತಿದ್ದುವ ಬಗೆಯಿದು. 1971ರಲ್ಲಿ ಅಮೆರಿಕದ ಅಧ್ಯಕ್ಷ ನಿಕ್ಸನ್ ಡಾಲರಿಗೂ ಚಿನ್ನಕ್ಕೂ ಇದ್ದ ಗಂಟನ್ನು ಬಿಚ್ಚಿದ, ಲೋಕ ನಿಂತುಹೋಗಲಿಲ್ಲ. 2016ರ ನವೆಂಬರ್ 8ರ ರಾತ್ರಿ ನಮ್ಮ ಐನೂರು, ಸಾವಿರ ರೂಪಾಯಿಯ ನೋಟುಗಳು ಚಲಾವಣೆ ಕಳೆದುಕೊಂಡುವು. ಮರುದಿನವೂ ಕಾಗದ ಅದೇ, ಶಾಯಿ ಅದೇ, ರುಜು ಅದೇ. ಹೋದದ್ದೇನು ಎಂಬುದನ್ನು ಸಾಲಿನಲ್ಲಿ ನಿಂತ ಓದುಗರಿಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ.

ಇಷ್ಟು ಮೆಚ್ಚಿದ ಮೇಲೆ ನನ್ನ ತಕರಾರನ್ನೂ ಹೇಳಬೇಕು. ಚಿನ್ನ ಬೇಡವೆಂದಾದರೆ ನೋಟಿನ ಹಿಂದೆ ನಿಲ್ಲುವುದೇನು? ಕಾದಂಬರಿ ಕೊಡುವ ಉತ್ತರ, ಗೋಲೆಮ್‌ಗಳು. ಉಮ್ ಎಂಬ ಪುರಾತನ ನಾಡಿನ ಮಣ್ಣಿನಾಳುಗಳು ಅವು. ದಣಿವರಿಯವು, ಕೂಲಿ ಕೇಳವು, ಹಳೆಯ ಭಾಷೆಯಲ್ಲಿ ಆಜ್ಞೆಯಿತ್ತರೆ ತಲೆಬಾಗುತ್ತವೆ. ನಾಲ್ಕು ಚಿನ್ನದ ಗೋಲೆಮ್‌ಗಳು ಬರುತ್ತವೆಂದು ಎಣಿಸಿದ್ದ ನಗರಕ್ಕೆ ಅನುವಾದದ ತಪ್ಪಿನಿಂದ ನಾಲ್ಕು ಸಾವಿರ ಬರುತ್ತವೆ. ಎಲ್ಲವನ್ನೂ ದುಡಿಸಿದರೆ ಊರಿನ ಜನಕ್ಕೆ ಕೆಲಸವಿರದು. ಆದ್ದರಿಂದ ಹೆಚ್ಚಿನವನ್ನು ನೆಲದಲ್ಲಿ ಹೂತು, ಅವುಗಳ ದುಡಿಮೆಯ ಸಾಧ್ಯತೆಯನ್ನೇ ಹಣಕ್ಕೆ ಆಧಾರವಾಗಿಡುತ್ತಾರೆ. ಸಿರಿಯ ಮೂಲ ಲೋಹವಲ್ಲ, ದುಡಿಮೆ ಎಂಬ ಮಾತು ಇಲ್ಲಿದೆ, ಸೊಗಸಾದ ಮಾತು. ಆದರೆ ಯಾರ ದುಡಿಮೆ?

ಇದೇ ಲೇಖಕ 1996ರ ‘ಫೀಟ್ ಆಫ್ ಕ್ಲೇ’ಯಲ್ಲಿ ಡಾರ್ಫಲ್ ಎಂಬ ಗೋಲೆಮ್‌ನ ತಲೆಯೊಳಗೆ, ಅದನ್ನು ಕೊಂಡ ರಸೀದಿಯನ್ನೇ ಇರಿಸಿ, ನೀನು ನಿನ್ನವನೇ ಎಂದು ಬಿಡುಗಡೆ ಕೊಟ್ಟವನು. ಆ ಕೈಯೇ ಹನ್ನೊಂದು ವರ್ಷಗಳ ಬಳಿಕ ಸಾವಿರಾರು ಗೋಲೆಮ್‌ಗಳನ್ನು ಠೇವಣಿಯಾಗಿ ಹೂಳುತ್ತದೆ. ಉಮ್‌ನವು ಡಾರ್ಫಲ್‌ನಂಥವಲ್ಲ, ಅವಕ್ಕೆ ಸ್ವಂತ ಇಚ್ಛೆ ಕಾಣದು ಎಂದು ಸಮಾಧಾನ ಹೇಳಬಹುದು. ಡಾರ್ಫಲ್‌ನ ವಿಷಯದಲ್ಲೂ ಮೊದಲು ಜನ ಹಾಗೆಯೇ ಎಣಿಸಿದ್ದರಲ್ಲವೆ? ಈ ಪ್ರಶ್ನೆಯನ್ನು ಪ್ರಾಚೆಟ್ ಎತ್ತಬಹುದಿತ್ತು. ನಗುತ್ತ ದಾಟಿಬಿಟ್ಟಿದ್ದಾನೆ.

ಆದರೂ ಪುಸ್ತಕವನ್ನು ಓದಿರೆಂದೇ ನನ್ನ ಸಲಹೆ. ಅರ್ಥಶಾಸ್ತ್ರದ ಹೆಸರಿಗೇ ಆಕಳಿಸುವವರನ್ನೂ ಅದು ನಗಿಸಿ ಕೂರಿಸುತ್ತದೆ. ದೇಶದ ವರಮಾನ ಇಷ್ಟು ಏರಿತೆಂಬ ಅಂಕಿಯನ್ನು ಪತ್ರಿಕೆಯಲ್ಲಿ ಕಂಡಾಗ ಕೊಳವೆಯ ನೀರಿನ ಮಟ್ಟವನ್ನಷ್ಟೇ ನೋಡದೆ, ಅದು ಯಾರ ಬೆವರಿನಿಂದ ತುಂಬಿತೆಂದು ಕೇಳುವ ಬುದ್ಧಿ ಓದುಗನಿಗೆ ಬಂದರೆ, ಲೇಖಕ ಬಿಟ್ಟ ಪ್ರಶ್ನೆಯನ್ನು ಓದುಗನೇ ಪೂರೈಸಿದಂತಾಯಿತು.