ರಿಚ್ಚಿಯ ‘ದಿನಚರಿ’: ಒಂದು ಆಧಾರಗ್ರಂಥದ ಪರಿಶೀಲನೆ

ಪೂರ್ವ ಏಷ್ಯದ ಸಮಾಜಗಳೊಡನೆ ಐರೋಪ್ಯರಿಗೆ ಮೊದಮೊದಲು ಉಂಟಾದ ಸಂಪರ್ಕವನ್ನು ಕುರಿತು ಪಾಠ ಹೇಳಬೇಕಾದಾಗ ಅಧ್ಯಾಪಕನ ಕೈಗೆ ಸುಲಭವಾಗಿ ಸಿಕ್ಕುವ ಗ್ರಂಥವೊಂದಿದೆ. ‘ಹದಿನಾರನೆಯ ಶತಮಾನದ ಚೀನಾ: ಮ್ಯಾಥ್ಯೂ ರಿಚ್ಚಿಯ ದಿನಚರಿಗಳು’ ಎಂಬ ಹೆಸರಿನಿಂದ ಲೂಯಿ ಗ್ಯಾಲಘರ್ ಅವರು ಇಂಗ್ಲಿಷಿಗೆ ತಂದ ಈ ಗ್ರಂಥವು 1953ರಲ್ಲಿ ನ್ಯೂಯಾರ್ಕಿನಲ್ಲಿ ಪ್ರಕಟವಾಯಿತು. ಮಿಂಗ್ ಸಾಮ್ರಾಜ್ಯದ ಆಡಳಿತ, ಅಧಿಕಾರಿಗಳನ್ನು ಆರಿಸುವ ಪರೀಕ್ಷೆಗಳು, ಜನರ ಆಚಾರ ವಿಚಾರಗಳು — ಇವೆಲ್ಲಕ್ಕೂ ಕಣ್ಣಾರೆ ಕಂಡವನ ಸಾಕ್ಷ್ಯವೆಂದು ನಾವು ಇದನ್ನು ವಿದ್ಯಾರ್ಥಿಗಳ ಮುಂದೆ ಇಡುತ್ತೇವೆ. ಪ್ರಕೃತ ಲೇಖಕನೂ ಕೆಲವು ವರ್ಷ ಹಾಗೆಯೇ ಮಾಡಿದವನು. ಆದಕಾರಣ ಮುಂದಿನ ಮಾತುಗಳಲ್ಲಿ ಪರರ ಮೇಲಣ ಆಕ್ಷೇಪಣೆಗಿಂತ ಸ್ವಂತದ ತಪ್ಪೊಪ್ಪಿಗೆಯೇ ಹೆಚ್ಚೆಂದು ವಾಚಕರು ತಿಳಿಯಬೇಕು.

ತೊಡಕು ಗ್ರಂಥದ ಹೆಸರಿನಲ್ಲಿಯೇ ಮೊದಲಾಗುತ್ತದೆ. ಮತ್ತೇಯೋ ರಿಚ್ಚಿಯು 1552ರಲ್ಲಿ ಇಟಲಿಯ ಮಚೆರಾಟಾದಲ್ಲಿ ಹುಟ್ಟಿದನು. 1578ರಲ್ಲಿ ಗೋವೆಗೆ ಬಂದು, ಗೋವೆ ಕೊಚ್ಚಿಗಳಲ್ಲಿ ಸುಮಾರು ನಾಲ್ಕು ವರ್ಷಗಳನ್ನು ಕಳೆದು, 1582ರಲ್ಲಿ ಮಕಾವನ್ನು ಸೇರಿದನು. ಮಾರನೆಯ ವರ್ಷ ಚೀನಾದ ಒಳನಾಡನ್ನು ಹೊಕ್ಕು, 1601ರಲ್ಲಿ ಬೀಜಿಂಗಿಗೆ ಬಂದು, 1610ರ ಮೇ 11ರಂದು ಅಲ್ಲಿಯೇ ತೀರಿಕೊಂಡನು. ಜೀವಿತದ ಕೊನೆಯ ಒಂದೆರಡು ವರ್ಷಗಳಲ್ಲಿ ಅವನು ಜೆಸ್ವಿಟ್ ಸಂಘವು ಚೀನಾದಲ್ಲಿ ಕಾಲೂರಿದ ಚರಿತ್ರೆಯನ್ನು ಇಟಾಲಿಯನ್ ಭಾಷೆಯಲ್ಲಿ ಬರೆದಿಟ್ಟನು. ಅಂದಂದಿನ ಸಂಗತಿಯನ್ನು ಅಂದಂದೇ ಬರೆದ ದಿನಚರಿ ಅದಲ್ಲ. ವಯಸ್ಸಾದವನು ಹಿಂದಿರುಗಿ ನೋಡಿ ಬರೆದ ವೃತ್ತಾಂತ. ನಿಕೊಲಾ ತ್ರಿಗೋ ಎಂಬ ಪಾದ್ರಿಯು 1613ರಲ್ಲಿ ಅದರ ಹಸ್ತಪ್ರತಿಯನ್ನು ಯೂರೋಪಿಗೆ ಒಯ್ಯುತ್ತ, ದಾರಿಯಲ್ಲಿಯೇ ಲ್ಯಾಟಿನ್ ಭಾಷೆಗೆ ತಿರುಗಿಸಿದನು. ಕೆಲವನ್ನು ಬಿಟ್ಟನು, ಕೆಲವನ್ನು ತಿದ್ದಿದನು, ಕೆಲವನ್ನು ತಾನಾಗಿ ಸೇರಿಸಿದನು. 1615ರಲ್ಲಿ ಔಗ್ಸ್‌ಬುರ್ಗ್ ನಗರದಲ್ಲಿ ಅಚ್ಚಾದದ್ದು ಈ ಲ್ಯಾಟಿನ್ ರೂಪ. ಗ್ಯಾಲಘರ್ ಅವರು ಅನುವಾದಿಸಿದ್ದೂ ಇದನ್ನೇ.

ಹಾಗಾದರೆ ರಿಚ್ಚಿಯ ಮೂಲ ಎಲ್ಲಿ ಹೋಯಿತು? ಮುನ್ನೂರು ವರ್ಷ ಅದು ಅಚ್ಚನ್ನು ಕಾಣಲಿಲ್ಲ. ತಕ್ಕಿ ವೆಂತೂರಿಯವರು 1911ರಲ್ಲಿ ಅದನ್ನೂ, 1913ರಲ್ಲಿ ರಿಚ್ಚಿಯ ಪತ್ರಗಳನ್ನೂ ಪ್ರಕಟಿಸಿದರು. ಅನಂತರ ಪಾಸ್ಕ್ವಾಲೆ ದೆಲಿಯಾ ಅವರು 1942ರಿಂದ 1949ರವರೆಗೆ ಮೂರು ಸಂಪುಟಗಳಲ್ಲಿ, ಚೀನೀ ಆಧಾರಗಳನ್ನು ಜೋಡಿಸಿದ ವಿಪುಲವಾದ ಟಿಪ್ಪಣಿಗಳೊಡನೆ, ಅದನ್ನು ಸಂಪಾದಿಸಿಕೊಟ್ಟರು. ಅಂದರೆ ಮೂಲವು ಅಚ್ಚಾಗಿ ನಾಲ್ಕು ದಶಕಗಳಾದ ಮೇಲೆ, ಅನ್ಯನ ಕೈ ಬಿದ್ದ ಲ್ಯಾಟಿನ್ ರೂಪಾಂತರವು ‘ರಿಚ್ಚಿಯ ದಿನಚರಿ’ ಎಂಬ ಹೆಸರು ಹೊತ್ತು ಇಂಗ್ಲಿಷಿನಲ್ಲಿ ಹೊರಬಂದಿತು. ಈ ದಿನಚರಿಯ ಕೊನೆಗೆ ರಿಚ್ಚಿಯು ಸಾಯುತ್ತಾನೆ; ಅವನನ್ನು ಹೂಳುವುದಕ್ಕೆ ಚಕ್ರವರ್ತಿಯಿಂದ ಭೂಮಿ ದೊರೆತ ಕಥೆಯೂ ಬರುತ್ತದೆ. ತನ್ನ ಉತ್ತರಕ್ರಿಯೆಯನ್ನು ತಾನೇ ದಾಖಲೆ ಮಾಡಿದ ದಿನಚರಿಕಾರನು ಲೋಕದಲ್ಲಿ ಇನ್ನೊಬ್ಬನಿರಲಾರನು! ಅಷ್ಟನ್ನು ಗಮನಿಸಿದ್ದರೂ ನಮಗೆ ಸಂಶಯ ಹುಟ್ಟಬೇಕಾಗಿತ್ತು.

ತ್ರಿಗೋವನ್ನು ಕೃತ್ರಿಮಿಯೆಂದು ಕರೆಯುವುದು ನನ್ನ ಉದ್ದೇಶವಲ್ಲ. ಅವನು ಯೂರೋಪಿಗೆ ಹೋದದ್ದು ಚೀನಾದ ಕೆಲಸಕ್ಕೆ ಹಣ, ಗ್ರಂಥಗಳು, ಪಾದ್ರಿಗಳು ಇವನ್ನು ಕೂಡಿಸುವುದಕ್ಕಾಗಿ. ಆಸ್ಥಾನದಿಂದ ಆಸ್ಥಾನಕ್ಕೆ ಚೀನೀ ಉಡುಪಿನಲ್ಲಿ ತಿರುಗಿದನು. 1617ರಲ್ಲಿ ಚಿತ್ರಕಾರ ರೂಬೆನ್ಸನು ಆ ವೇಷದಲ್ಲಿಯೇ ಅವನ ಚಿತ್ರ ಬರೆದನು. ಅಂಥವನ ಗ್ರಂಥ ಕೊಡುವವರ ಮನಸ್ಸನ್ನು ಒಲಿಸಿಕೊಳ್ಳುವಂತೆ ಇರುವುದು ಸಹಜವೇ. ಆದರೆ ಓದುವವನು ಅದನ್ನು ಮರೆಯಬಾರದು.

ತ್ರಿಗೋವಿನ ಕೈಚಳಕಕ್ಕಿಂತಲೂ ಗಹನವಾದ ಪ್ರಶ್ನೆಯೊಂದಿದೆ. ಅದು ಇಟಾಲಿಯನ್ ಮೂಲಕ್ಕೂ ತಗಲುವಂಥದು. 1583ರಲ್ಲಿ ಕ್ಯಾಂಟನ್ ಪ್ರಾಂತದ ಚಾವೋಚಿಂಗ್ ಪಟ್ಟಣದಲ್ಲಿ ನೆಲಸಿದಾಗ ರಿಚ್ಚಿಯೂ ಅವನ ಹಿರಿಯ ಸಹವಾಸಿ ಮಿಕೆಲೆ ರುಜ್ಜಿಯೇರಿಯೂ ತಲೆ ಗಡ್ಡಗಳನ್ನು ಬೋಳಿಸಿ ಬೌದ್ಧ ಭಿಕ್ಷುಗಳ ನಿಲುವಂಗಿಯನ್ನು ಧರಿಸಿದ್ದರು. ಅಲ್ಲಿಯ ಅಧಿಕಾರಿ ವಾಂಗ್ ಪಾನ್ ಅವರಿಗೆ ಎರಡು ಹೆಸರುಹಲಗೆಗಳನ್ನು ಬರೆಯಿಸಿ ಕೊಟ್ಟನು. ಒಂದರಲ್ಲಿ ಅವರ ಮನೆಯನ್ನು ಸಿದ್ಧಪುರುಷರ ಪುಷ್ಪದ ವಿಹಾರವೆಂದು ಕರೆದಿತ್ತು. ಇನ್ನೊಂದರಲ್ಲಿ ಪಶ್ಚಿಮದಿಂದ ಬಂದ ಶುದ್ಧಭೂಮಿಯ ಮಾತಿತ್ತು. ‘ವಿಹಾರ’ ಎಂದು ನಾನು ಹೇಳಿದ ಶಬ್ದ ಚೀನೀ ಭಾಷೆಯಲ್ಲಿ ಬೌದ್ಧಾಲಯಕ್ಕೆ ಸಲ್ಲುವ ಶಬ್ದ. ಶುದ್ಧಭೂಮಿಯೆಂದರೆ ಅಮಿತಾಭ ಬುದ್ಧನ ಸುಖಾವತಿ. ಇವನ್ನು ಸಂತರ ದೇವಾಲಯ, ಪವಿತ್ರಭೂಮಿ ಎಂದು ಓದಿಕೊಳ್ಳುವ ಐರೋಪ್ಯ ವಾಚಕನಿಗೆ ಚೀನೀ ಅಧಿಕಾರಿಯು ಕ್ರೈಸ್ತಮತಕ್ಕೆ ತಲೆಬಾಗಿದಂತೆ ತೋರುತ್ತದೆ. ವಾಂಗ್ ಪಾನ್ ಕಂಡದ್ದಾದರೋ ಪಶ್ಚಿಮದ ಬುದ್ಧನ ನಾಡಿನಿಂದ ಬಂದ ಮತ್ತಿಬ್ಬರು ಸಂನ್ಯಾಸಿಗಳನ್ನು.

ಅವನು ಹಾಗೆ ತಿಳಿದದ್ದರಲ್ಲಿ ಆಶ್ಚರ್ಯವೂ ಇಲ್ಲ. ಅವರೂ ಹಾಗೆಯೇ ಹೇಳಿಕೊಂಡಿದ್ದರು. 1584ರಲ್ಲಿ ಅಚ್ಚಾದ ರುಜ್ಜಿಯೇರಿಯ ಚೀನೀ ಧರ್ಮಬೋಧಿನಿಯ ಶೀರ್ಷಿಕೆಯಲ್ಲಿಯೇ ಭಾರತವನ್ನು ಸೂಚಿಸುವ ಹೆಸರಿದೆ. ಮುನ್ನುಡಿಯ ಕೊನೆಯಲ್ಲಿ ಬರೆದವನು ತನ್ನನ್ನು ತಿಯೆನ್‌ಚು ದೇಶದ ಭಿಕ್ಷುವೆಂದು ಕರೆದುಕೊಂಡಿದ್ದಾನೆ. ತಿಯೆನ್‌ಚು ಎಂದರೆ ನಮ್ಮ ಭಾರತವೇ. ಅವರು ದೇವರಿಗೆ ಆರಿಸಿಕೊಂಡ, ಸ್ವರ್ಗದ ಒಡೆಯನೆಂಬ ಅರ್ಥದ ಚೀನೀ ಶಬ್ದವೂ, ಸ್ವರಭೇದವೊಂದನ್ನು ಬಿಟ್ಟರೆ, ಇಂದಿನ ಉಚ್ಚಾರಣೆಯಲ್ಲಿ ತಿಯೆನ್‌ಚು ಎಂದೇ ಕೇಳಿಸುತ್ತದೆ. ಗೋವೆಯಿಂದ ಹೊರಟು ಬಂದವರಾದ್ದರಿಂದ ಆ ಮಾತು ಪೂರ್ತಿ ಸುಳ್ಳೆಂದು ಹೇಳುವಂತಿಲ್ಲ, ನಿಜವೆಂದಂತೂ ಹೇಳಲಾಗದು. ‘ಯೂರೋಪ್ ಚೀನಾವನ್ನು ಸಂಧಿಸಿತು’ ಎಂದು ನಮ್ಮ ಪಠ್ಯಗಳು ಸಾರುವ ಘಳಿಗೆಯಲ್ಲಿ ಚೀನೀಯರ ಪಾಲಿಗೆ ಎದುರಿಗಿದ್ದದ್ದು ಯೂರೋಪ್ ಅಲ್ಲ, ಭಾರತ. ಸಾವಿರ ವರ್ಷಕ್ಕೂ ಮಿಗಿಲಾಗಿ ಬೌದ್ಧಭಿಕ್ಷುಗಳು ನಡೆದು ಸವೆಸಿದ ಹಾದಿಯಲ್ಲಿಯೇ ಈ ಪಾದ್ರಿಗಳೂ ಬಾಗಿಲು ದಾಟಿದರು.

1595ರಲ್ಲಿ ರಿಚ್ಚಿಯು ಈ ವೇಷವನ್ನು ಕಳಚಿದನು. ಭಿಕ್ಷುಗಳಿಗೆ ವಿದ್ವದಧಿಕಾರಿಗಳ ವರ್ಗದಲ್ಲಿ ಗೌರವವಿಲ್ಲವೆಂಬುದು ಅವನಿಗೆ ಮನವರಿಕೆಯಾಗಿತ್ತು. ಕೂದಲು ಗಡ್ಡ ಬೆಳೆಸಿ, ರೇಷ್ಮೆಯ ಅಂಗಿ ತೊಟ್ಟು, ಕನ್‌ಫ್ಯೂಷಿಯಸನ ಗ್ರಂಥಗಳನ್ನು ಉದಾಹರಿಸಬಲ್ಲ ಪಂಡಿತನಾಗಿ ಕಾಣಿಸಿಕೊಂಡನು. ಚರಿತ್ರೆ ಬರೆಯಲು ಕುಳಿತವನು ಈ ಪಂಡಿತ ರಿಚ್ಚಿ. ಅವನ ಕಣ್ಣಿಗೆ ಭಿಕ್ಷುವೇಷದ ಹನ್ನೆರಡು ವರ್ಷಗಳು ತಪ್ಪಿಟ್ಟ ಹೆಜ್ಜೆ. ಬೌದ್ಧಮತವು ತಿರಸ್ಕಾರಕ್ಕೆ ತಕ್ಕುದು. 1588ರಲ್ಲಿಯೇ ಚೀನಾ ಬಿಟ್ಟು ಹೋದ ರುಜ್ಜಿಯೇರಿ ಹಿನ್ನೆಲೆಯ ಒಬ್ಬ ವ್ಯಕ್ತಿ. ಇದನ್ನು ಅರಿಯದೆ ಅವನ ಮಾತನ್ನು ಮಿಂಗ್ ಕಾಲದ ಬೌದ್ಧಜೀವನಕ್ಕೆ ಪ್ರಮಾಣವಾಗಿ ಹಿಡಿಯುವುದು, ಪ್ರತಿಪಕ್ಷದ ವಕೀಲನಿಂದ ಕಕ್ಷಿಗಾರನ ಗುಣವನ್ನು ವಿಚಾರಿಸಿದಂತೆ. ಆಡಳಿತವನ್ನೂ ಪರೀಕ್ಷೆಗಳನ್ನೂ ಕುರಿತ ಅವನ ಬರಹದ ಬೆಲೆ ಬೇರೆ. ಅದನ್ನು ಈಗಲೂ ಮೆಚ್ಚಿ ಓದಬಹುದು. (ಕಾಲಾಂತರದಲ್ಲಿ ಷಾಂಘಾಯಿಯ ಗಡಿಯಾರದ ಕೆಲಸಗಾರರು ಈ ರಿಚ್ಚಿಯನ್ನೇ ತಮ್ಮ ಕಸುಬಿನ ಬೋಧಿಸತ್ವನನ್ನಾಗಿ ಮಾಡಿಕೊಂಡು ಪೂಜಿಸಿದರು. ಅಂಗಿ ಕಳಚಿದಷ್ಟು ಸುಲಭವಾಗಿ ಹೆಸರು ಕಳಚುವುದಿಲ್ಲ.)

ವೇಷದ ಈ ರಾಜಕಾರಣ ನಮಗೂ ಅಪರಿಚಿತವಲ್ಲ. ಮಧುರೆಯಲ್ಲಿ ರಾಬರ್ಟೊ ದೆ ನೊಬಿಲಿ, ಹದಿನೇಳನೆಯ ಶತಮಾನದ ನಡುವೆ ಶ್ರೀರಂಗಪಟ್ಟಣದಲ್ಲಿ ಲಿಯೊನಾರ್ದೊ ಚಿನ್ನಾಮಿ ಕಾವಿಯುಟ್ಟು ಸಂನ್ಯಾಸಿಗಳಂತೆ ನಡೆದುಕೊಂಡರು. ಅದು ಪ್ರತ್ಯೇಕವಾಗಿ ಚರ್ಚಿಸಬೇಕಾದ ವಿಷಯ.

ಚೀನೀ ಪಕ್ಷದ ಮಾತೂ ಉಳಿದಿದೆ. 1739ರಲ್ಲಿ ಪೂರ್ಣಗೊಂಡ ಮಿಂಗ್ ರಾಜವಂಶದ ಅಧಿಕೃತ ಚರಿತ್ರೆಯ ವಿದೇಶಪ್ರಕರಣದಲ್ಲಿ ಇಟಲಿಗೆ ಒಂದು ಭಾಗವಿದೆ. ಕಂಚುಕಿ ಮಾ ತಾಂಗನ ಮೂಲಕ ಕಾಣಿಕೆಗಳನ್ನೊಪ್ಪಿಸಿ ರಿಚ್ಚಿಯು ರಾಜಧಾನಿಗೆ ಬಂದಾಗ ವಿಧಿವಿಧಾನಗಳ ಇಲಾಖೆಯವರು ಮಾಡಿದ ಆಕ್ಷೇಪಣೆ ಅದರಲ್ಲಿ ದಾಖಲಾಗಿದೆ. ಅವರ ವಾದ ಇದು: ಸಾಮ್ರಾಜ್ಯದ ನಿಬಂಧನಗ್ರಂಥದಲ್ಲಿ ಪಶ್ಚಿಮಸಾಗರದ ಸೋಲಿ ದೇಶದ ಹೆಸರಿದೆಯೇ ಹೊರತು ಮಹಾಪಶ್ಚಿಮಸಾಗರವೆಂಬ ದೇಶದ ಹೆಸರಿಲ್ಲ, ಇವನ ಮಾತು ದಿಟವೋ ಅಲ್ಲವೋ ತಿಳಿಯುವಂತಿಲ್ಲ. ಕಾಣಿಕೆಗಳೊಡನೆ ಸಿದ್ಧರ ಎಲುಬುಗಳನ್ನೂ ತಂದಿದ್ದಾನೆ. ಸಿದ್ಧರಾದವರು ಆಕಾಶಕ್ಕೆ ಹಾರಿಹೋಗಬೇಕಲ್ಲದೆ ಎಲುಬುಗಳನ್ನು ಬಿಟ್ಟುಹೋಗುವುದೆಂತು? ಟೊಪ್ಪಿಗೆ ನಡುಪಟ್ಟಿಗಳನ್ನು ಕೊಟ್ಟು ಇವನನ್ನು ಹಿಂದಕ್ಕೆ ಕಳುಹಿಸಬೇಕು. ಚಕ್ರವರ್ತಿಯು ಇದಕ್ಕೆ ಕಿವಿಗೊಡದೆ ದೂರದಿಂದ ಬಂದವನಿಗೆ ವಸತಿಯನ್ನೂ ಜೀವನಾಂಶವನ್ನೂ ಕೊಡಿಸಿದನು.

ಐದು ಖಂಡಗಳ ಅವನ ಭೂಪಟದ ವಿಷಯದಲ್ಲಿಯೂ ಆ ಚರಿತ್ರಕಾರರ ತೀರ್ಪು ಕುತೂಹಲಕರವಾಗಿದೆ. ಅವರು ಬೆರಗಾದವರಂತೆ ಬರೆದಿಲ್ಲ. ಈ ಮಾತು ಅಸ್ಪಷ್ಟ, ಪರೀಕ್ಷಿಸಲಾಗದು. ಆದರೂ ಆ ದೇಶದವರು ನಮ್ಮಲ್ಲಿ ತುಂಬಿರುವುದರಿಂದ ಆ ದೇಶವಿರುವುದನ್ನು ಅಲ್ಲಗಳೆಯುವಂತಿಲ್ಲ ಎಂಬುದು ಅವರ ಅಭಿಪ್ರಾಯ. ಇದನ್ನು ಅಜ್ಞಾನವೆನ್ನುವುದು ವಾಡಿಕೆ. ನನಗಾದರೋ ಇದು ಸಾಕ್ಷ್ಯವನ್ನು ತೂಗಿ ನೋಡುವವರ ಎಚ್ಚರದಂತೆ ಕಾಣುತ್ತದೆ; ಗ್ಯಾಲಘರ್ ಗ್ರಂಥವನ್ನು ಓದಿಸುವಾಗ ನಾವು ಅಷ್ಟನ್ನೂ ತೋರಲಿಲ್ಲ.

ಈ ವರ್ಷ ಎಂ.ಎ. ತರಗತಿಯಲ್ಲಿ ಗ್ಯಾಲಘರ್ ಗ್ರಂಥದ ಚಾವೋಚಿಂಗ್ ಅಧ್ಯಾಯಗಳನ್ನೂ ಮಿಂಗ್ ಚರಿತ್ರೆಯ ಈ ಭಾಗವನ್ನೂ ಜೊತೆಗಿಟ್ಟು ಓದಿದೆವು. ಸೋಲಿಯೆಂದರೆ ಚೋಳರ ಕರಾವಳಿಯೆಂದು ವಿದ್ವಾಂಸರು ಗುರುತಿಸುವರೆಂದು ಹೇಳಿದಾಗ ವಿದ್ಯಾರ್ಥಿಯೊಬ್ಬನು ಎದ್ದು ಕೇಳಿದನು: “ಕೊಚ್ಚಿಯಲ್ಲಿದ್ದು ಬಂದವನಲ್ಲವೆ ಸಾರ್ ರಿಚ್ಚಿ? ನಿಮ್ಮ ಗ್ರಂಥದಲ್ಲಿರುವ ಆ ಸೀಮೆಯನ್ನು ನಾನು ಬಲ್ಲೆ, ಅದರ ಪಕ್ಕದಿಂದಲೇ ಬಂದೆ ಎಂದು ಇಲಾಖೆಯವರಿಗೆ ಹೇಳಬಹುದಾಗಿತ್ತಲ್ಲ?” 1584ರಲ್ಲಾಗಿದ್ದರೆ ಹೇಳುತ್ತಿದ್ದನೇನೋ ಎಂದು ಉತ್ತರ ಕೊಟ್ಟೆನು.